ದೀಪ ಹಚ್ಚಬಾರದ ದೇವಸ್ಥಾನ

ದೇವರ ಮುಂದೆ ದೀಪ ಹಚ್ಚಿದರೆ ಮಹಾಪಾಪ ಎನ್ನುವ ಮತವೊಂದನ್ನು ಎಲ್ಲಾದರೂ ಕೇಳಿದ್ದೀರಾ? ಹಣತೆಯಿಲ್ಲ, ಮಂಗಳಾರತಿಯಿಲ್ಲ, ಒಂದೇ ಒಂದು ಕಿಡಿಯೂ ಕೂಡದು. ನೆಲದಡಿಯ ಗರ್ಭಗುಡಿ, ಅದರೊಳಗೆ ಸೃಷ್ಟಿಯಾದಂದಿನಿಂದ ಕತ್ತಲೆ. ಆ ಕತ್ತಲೆಗೇ ಪೂಜೆ! ಮೇಲೆ, ಮುರುಕು ಮಂಟಪದಲ್ಲಿ, ದೊಡ್ಡದೊಂದು ಸಿಂಹಾಸನ. ಅದರ ಮೇಲೆ ಮೂರ್ತಿಯಿಲ್ಲ, ಪಾದುಕೆಯಿಲ್ಲ, ಏನೂ ಇಲ್ಲ. ದೇವರುಗಳಿಗೆ ಹೆಸರೂ ಇಲ್ಲ. ಪ್ರಧಾನ ಅರ್ಚಕಿ ಇನ್ನೂ ಹದಿಹರೆಯದ ಹುಡುಗಿ. ಅವಳನ್ನು ಶಿಕ್ಷಿಸುವ ಅಧಿಕಾರ ಭೂಮಿಯ ಮೇಲೆ ಯಾರಿಗೂ ಇಲ್ಲ. ಆದರೆ ಆ ಗೋಡೆ ದಾಟಿ ಹೊರಗೆ ಕಾಲಿಡುವ ಹಕ್ಕು ಅವಳಿಗೂ ಇಲ್ಲ.

ಇದೆಲ್ಲ ಅಮೆರಿಕದ ಪೋರ್ಟ್‌ಲೆಂಡ್ ನಗರದಲ್ಲಿ ಕುಳಿತು ಬರೆಯುತ್ತಿದ್ದ ಒಬ್ಬ ಹೆಂಗಸಿನ ತಲೆಯೊಳಗೆ ಕಟ್ಟಿಕೊಂಡ ಮತ ಎಂದರೆ ನಂಬುವುದು ಕಷ್ಟ. ಅರ್ಸುಲಾ ಲೆ ಗ್ವಿನ್ ಅವರ ‘ದಿ ಟೂಂಬ್ಸ್ ಆಫ್ ಅಟುವಾನ್’ ಪುಸ್ತಕವಾಗಿ ಹೊರಬಂದದ್ದು 1971ರಲ್ಲಿ. ತೆಳ್ಳನೆಯ ಕಾದಂಬರಿ. ಮಕ್ಕಳ ಪುಸ್ತಕವೆಂದೇ ಕಪಾಟಿನಲ್ಲಿಟ್ಟರು, 1972ರಲ್ಲಿ ಮಕ್ಕಳ ಸಾಹಿತ್ಯಕ್ಕೆ ಕೊಡುವ ನ್ಯೂಬೆರಿ ಗೌರವವೂ ಸಂದಿತು. ಮಕ್ಕಳ ಪುಸ್ತಕವಂತೆ! ಒಂದು ಧರ್ಮಸಂಸ್ಥೆ ಒಳಗಿನಿಂದ ಹೇಗೆ ನಡೆಯುತ್ತದೆ ಎಂಬುದನ್ನು ಇಷ್ಟು ಕಡಿಮೆ ಪುಟಗಳಲ್ಲಿ, ಇಷ್ಟು ನಿರ್ದಾಕ್ಷಿಣ್ಯವಾಗಿ ಬಿಚ್ಚಿಟ್ಟ ಇನ್ನೊಂದು ಪುಸ್ತಕ ನನ್ನ ಕಣ್ಣಿಗೆ ಬಿದ್ದಿಲ್ಲ.

ಮೊದಲು ಊರು ಯಾವುದೆಂದು ನೋಡೋಣ. ಅರ್ಥ್‌ಸೀ ಎನ್ನುವುದು ಲೆ ಗ್ವಿನ್ ಕಟ್ಟಿದ ಲೋಕ: ಎತ್ತ ನೋಡಿದರೂ ಕಡಲು, ಕಡಲ ತುಂಬ ದ್ವೀಪಗಳು. ಬಹುಪಾಲು ದ್ವೀಪಗಳ ಜನ ಕಂದು ಬಣ್ಣದವರು, ಕಪ್ಪು ಬಣ್ಣದವರು. ಅಲ್ಲಿ ಮಾಂತ್ರಿಕರಿಗೆ ಮರ್ಯಾದೆ, ವಿದ್ಯೆಗೆ ಮರ್ಯಾದೆ. ಪೂರ್ವದ ಅಂಚಿನಲ್ಲಿ ಮಾತ್ರ ಬೇರೆಯದೇ ಆದ ನಾಲ್ಕು ದ್ವೀಪಗಳಿವೆ: ಕರೆಗೋ-ಆಟ್, ಅಟುವಾನ್, ಹುರ್-ಅಟ್-ಹುರ್, ಅಟ್ನಿನಿ. ಇವು ಸೇರಿ ಕರ್ಗಾಡ್ ಸಾಮ್ರಾಜ್ಯ. ಇಲ್ಲಿಯವರು ಬಿಳಿ ತೊಗಲಿನವರು, ಹೊಂಬಣ್ಣದ ಕೂದಲಿನವರು, ಯುದ್ಧಕೋರರು. ಮಾಟಮಂತ್ರ ಅವರಿಗೆ ಅನಿಷ್ಟ, ಬರವಣಿಗೆಯೂ ಅನಿಷ್ಟ. 1968ರ ಮೊದಲ ಪುಸ್ತಕ ‘ಎ ವಿಝರ್ಡ್ ಆಫ್ ಅರ್ಥ್‌ಸೀ’ಯಲ್ಲಿ ಈ ಕರ್ಗ್ ಜನ ಬರುವುದು ಕೊಳ್ಳೆಗಾರರಾಗಿ ಮಾತ್ರ. ಹಡಗಿನಲ್ಲಿ ಬಂದು ಊರು ಸುಡುತ್ತಾರೆ, ಒಬ್ಬ ಹುಡುಗ ಮಂಜು ಕವಿಸಿ ತನ್ನ ಹಳ್ಳಿಯನ್ನು ಉಳಿಸಿಕೊಳ್ಳುತ್ತಾನೆ, ಅಲ್ಲಿಗೆ ಅವರ ಕೆಲಸ ಮುಗಿಯಿತು. ಬೇರೆ ಯಾರಾದರೂ ಆಗಿದ್ದರೆ ಅವರನ್ನು ಅಲ್ಲೇ ಬಿಟ್ಟುಬಿಡುತ್ತಿದ್ದರು. ಲೆ ಗ್ವಿನ್ ಎರಡನೆಯ ಪುಸ್ತಕದಲ್ಲಿ ನೇರವಾಗಿ ಶತ್ರುವಿನ ಮನೆಯೊಳಗೇ ನಡೆದುಹೋಗುತ್ತಾರೆ, ಅದೂ ಅಡುಗೆಮನೆಯವರೆಗೆ!

ಅಟುವಾನ್ ದ್ವೀಪದ ಮರುಭೂಮಿಯಲ್ಲಿ ಒಂದು ಗುಡ್ಡ. ಗುಡ್ಡದ ಮೇಲೆ ಒಂಬತ್ತು ಕಲ್ಲುಗಳು. ಒಂದು ನೆಟ್ಟಗೆ ನಿಂತಿದೆ, ಕೆಲವು ವಾಲಿವೆ, ಎರಡು ಬಿದ್ದಿವೆ. ಕಿತ್ತಳೆ ಮತ್ತು ಬೂದು ಬಣ್ಣದ ಕಲ್ಲುಹೂವು ಹತ್ತಿಕೊಂಡಿದೆ, ಒಂದನ್ನು ಬಿಟ್ಟು. ಆ ಒಂದು ಮಾತ್ರ ಬೋಳು, ಕಪ್ಪು. ಯಾರು ನೆಟ್ಟರು, ಯಾರ ಸಮಾಧಿ, ಯಾರಿಗೂ ತಿಳಿಯದು. ಮನುಷ್ಯರು ಬರುವ ಮೊದಲೇ ಇದ್ದವು ಎನ್ನುತ್ತಾರೆ. ಕೆಳಗೆ ಹೆಸರಿಲ್ಲದವರು ಇದ್ದಾರೆ. ಅವರಿಗೆ ಒಬ್ಬಳೇ ಅರ್ಚಕಿ, ಸಾವಿರಾರು ವರ್ಷಗಳಿಂದ ಒಬ್ಬಳೇ! ಯಾಕೆಂದರೆ ಅವಳು ಸಾಯುವುದಿಲ್ಲ. ದೇಹ ಬಿದ್ದುಹೋಗುತ್ತದೆ, ಅವಳು ಮರಳಿ ಹುಟ್ಟುತ್ತಾಳೆ.

ಹುಡುಕುವ ಕ್ರಮ ಕೇಳಿ. ಅರ್ಚಕಿ ಕಣ್ಣುಮುಚ್ಚಿದ ರಾತ್ರಿ ದ್ವೀಪದಲ್ಲಿ ಹುಟ್ಟಿದ ಹೆಣ್ಣುಮಗುವನ್ನು ಮನೆಮನೆ ಅಲೆದು ಪತ್ತೆ ಮಾಡುತ್ತಾರೆ. ಆಮೇಲೆ ಐದು ವರ್ಷ ಕಾಯುತ್ತಾರೆ, ಮೈಯಲ್ಲಿ ಊನವಿಲ್ಲ, ರೋಗದ ಕಲೆಯಿಲ್ಲ ಎಂದು ಖಾತ್ರಿಯಾಗುವವರೆಗೆ. ಟೆನಾರ್ ಎಂಬ ಈ ಮಗುವಿನ ತಾಯಿ, ಸೇಬಿನ ತೋಟದ ಬಡವಿ, ಮಗುವಿಗೆ ಕಾಯಿಲೆಯೆಂದು ನಾಟಕ ಹೂಡುತ್ತಾಳೆ. ಸಿಕ್ಕಿಬೀಳುತ್ತಾಳೆ. ತಂದೆ ಮಾತ್ರ ಮೊದಲಿನಿಂದಲೂ ಮಗುವಿನ ಮೇಲೆ ಮನಸ್ಸಿಡಲೇ ಇಲ್ಲ. ಹೋಗಲಿರುವ ಮಗುವನ್ನು ಪ್ರೀತಿಸಿ ಏನು ಫಲ ಎನ್ನುವ ಲೆಕ್ಕ ಅವನದು. ಇಬ್ಬರಲ್ಲಿ ಯಾರು ಹೆಚ್ಚು ನೊಂದವರು ಎಂದು ಲೇಖಕಿ ಹೇಳುವುದಿಲ್ಲ, ಕಥೆ ಮುಂದೆ ಹೋಗಿಬಿಡುತ್ತದೆ.

ಆರನೆಯ ವರ್ಷಕ್ಕೆ ದೀಕ್ಷೆ. ಕಪ್ಪು ಉಡುಪಿನ ಹೆಂಗಸರ ಸಾಲುಗಳ ನಡುವೆ ಪುಟ್ಟ ಹುಡುಗಿ ಖಾಲಿ ಸಿಂಹಾಸನದ ಕಡೆಗೆ ನಡೆಯುತ್ತಾಳೆ, ಮೆಟ್ಟಿಲ ಮೇಲೆ ತಲೆಬಾಗುತ್ತಾಳೆ. ಬಿಳಿ ಮುಖವಾಡದವನೊಬ್ಬ ಕತ್ತಿ ಎತ್ತುತ್ತಾನೆ. ಎಳೆಯ ಕತ್ತಿನ ಮೇಲೆ ಕತ್ತಿ ಇನ್ನೇನು ಇಳಿಯಬೇಕು, ಕಪ್ಪು ಆಕೃತಿಯೊಂದು ಅಡ್ಡ ಬಂದು ತಡೆಯುತ್ತದೆ. ತಲೆ ಉಳಿಯಿತು, ಹೆಸರು ಹೋಯಿತು. ಇನ್ನು ಮೇಲೆ ಅವಳು ಟೆನಾರ್ ಅಲ್ಲ, ಆರ್ಹಾ, ಎಂದರೆ ದೇವರ ಬಾಯಿಗೆ ತುತ್ತಾದವಳು. ಸಂನ್ಯಾಸ ತೆಗೆದುಕೊಂಡವರ ಪೂರ್ವಾಶ್ರಮದ ಹೆಸರು ಬಿಟ್ಟುಹೋಗುವುದು ನಮಗೆ ಹೊಸದೇನಲ್ಲ. ಇಲ್ಲಿ ಮೈ ಜುಮ್ಮೆನ್ನಿಸುವುದು ಬೇರೊಂದು ಸಂಗತಿ: ಅವಳ ಬಾಲ್ಯವನ್ನೂ ಕಿತ್ತುಕೊಂಡು, ಹಿಂದೆ ಸತ್ತ ಯಾವುದೋ ಮುದುಕಿಯ ನೆನಪುಗಳನ್ನು ಅವಳ ಕೈಗೆ ಕೊಡುತ್ತಾರೆ. ನೀನು ಹಿಂದೆ ಹೀಗೆ ಮಾಡುತ್ತಿದ್ದೆ, ಸಾಯುವ ಮುಂಚೆ ಹೀಗೆ ಹೇಳಿದ್ದೆ ಎಂದು ಆರು ವರ್ಷದ ಹುಡುಗಿಗೆ ದೊಡ್ಡವರು ಗಂಭೀರವಾಗಿ ಹೇಳುತ್ತಾರೆ. ಅವಳೂ ನಂಬುತ್ತಾಳೆ. ನಂಬದೆ ಏನು ಮಾಡಿಯಾಳು?

ಆಮೇಲಿನ ದಿನಚರಿ ಓದುವಾಗ ನನಗೆ ಖುಷಿಯೇ ಖುಷಿ, ಯಾಕೆಂದರೆ ಭಯಂಕರ ರಹಸ್ಯಪಂಥವೊಂದರ ಬದುಕು ಎಷ್ಟು ನೀರಸವಾಗಿರಬಹುದು ಎಂದು ಯೋಚಿಸಿದ ಲೇಖಕರೇ ಕಡಿಮೆ. ಕಪ್ಪು ಉಣ್ಣೆ ನೂಲಬೇಕು, ನೇಯಬೇಕು, ಬೇಳೆ ಬೇಯಿಸಬೇಕು, ಮಂತ್ರ ಬಾಯಿಪಾಠ ಮಾಡಬೇಕು. ಗೋಡೆಯ ಒಳಗೆ ಗಂಡಸರಿಲ್ಲ, ಇರುವವರು ನಪುಂಸಕ ಸೇವಕರು ಮಾತ್ರ. ಅವರಲ್ಲೊಬ್ಬ ಮನಾನ್, ಕುರೂಪಿ, ಆರ್ಹಾಳನ್ನು ಎತ್ತಿ ಆಡಿಸಿದವನು. ಅಮಾವಾಸ್ಯೆಯ ರಾತ್ರಿ ಖಾಲಿ ಸಿಂಹಾಸನದ ಮುಂದೆ ಅವಳು ಒಬ್ಬಳೇ ಕುಣಿಯಬೇಕು. ಪೆಂಥೆ ಎಂಬ ದುಂಡು ಮುಖದ ಗೆಳತಿಯೊಬ್ಬಳಿದ್ದಾಳೆ, ಸೇಬು ಎಂದರೆ ಪ್ರಾಣ. ಇಬ್ಬರೂ ಕೆಲಸ ಕದ್ದು ಗೋಡೆ ಹತ್ತಿ ಕುಳಿತಾಗ ಸಿಕ್ಕಿಬೀಳುತ್ತಾರೆ. ಏಟು ಪೆಂಥೆಗೆ, ಆರ್ಹಾಳನ್ನು ಮುಟ್ಟುವಂತಿಲ್ಲವಲ್ಲ!

ಈಗ ಈ ಯಂತ್ರದ ಹಿಂದಿನ ರಾಜಕೀಯಕ್ಕೆ ಬರೋಣ, ಇಲ್ಲಿ ಲೆ ಗ್ವಿನ್ ಅವರ ಬುದ್ಧಿಗೆ ಶರಣೆನ್ನಬೇಕು. ಗುಡ್ಡದ ಮೇಲಿರುವುದು ಒಂದೇ ಗುಡಿಯಲ್ಲ. ಜೋಡಿದೇವರ ಗುಡಿ ಇದೆ. ಎಲ್ಲಕ್ಕಿಂತ ಥಳಥಳಿಸುವ ಗುಡಿ ದೇವರಾಜನದು, ಅಂದರೆ ದೂರದ ಅವಾಬಾತ್ ನಗರದಲ್ಲಿ ಕುಳಿತು ಸಾಮ್ರಾಜ್ಯ ಆಳುವ ಜೀವಂತ ದೊರೆಯದು. ಒಂದು ಕಾಲಕ್ಕೆ ಅರ್ಚಕರಾಗಿದ್ದ ಮನೆತನದವರು ರಾಜರಾದರು, ಆಮೇಲೆ ತಾವೇ ದೇವರು ಎಂದುಕೊಂಡರು. ಭಕ್ತರ ಕಾಣಿಕೆಯೆಲ್ಲ ಆ ಕಡೆಗೆ ಹರಿಯುತ್ತದೆ. ಅತಿ ಪ್ರಾಚೀನವಾದ ಸಿಂಹಾಸನದ ಮಂಟಪಕ್ಕೋ, ಮಾಡು ಕುಸಿದಿದೆ, ಕೇಳುವವರಿಲ್ಲ. ಯಾತ್ರಿಕರು ಬರುವುದಿಲ್ಲ. ಹಾಗಾದರೆ ದೊರೆ ಈ ಹಳೆಯ ಪಂಥವನ್ನು ಯಾಕೆ ಉಳಿಸಿಕೊಂಡಿದ್ದಾನೆ? ಅವನಿಗೆ ಒಂದು ಉಪಯೋಗವಿದೆ: ತನ್ನ ವಿರುದ್ಧ ಸಂಚು ಮಾಡಿದವರನ್ನು ಇಲ್ಲಿಗೆ ಬಲಿಗೆ ಕಳಿಸಬಹುದು. ಕೊಲೆ ಅವನ ಕೈಗೆ ಅಂಟುವುದಿಲ್ಲ, ಅದು ಪೂಜೆಯಾಗುತ್ತದೆ.

ಹಾಗೆ ಬಂದ ಮೂವರು ಕೈದಿಗಳ ನಾಲಗೆ ಕತ್ತರಿಸಿರುತ್ತದೆ. ಯಾವ ರೀತಿ ಸಾಯಬೇಕೆಂದು ಆರ್ಹಾ ಹೇಳಬೇಕು. ಹುಡುಗಿ ತಡಬಡಾಯಿಸುತ್ತಾಳೆ, ದೇವರಾಜನ ಅರ್ಚಕಿ ಕೊಸಿಲ್ ಪಕ್ಕದಲ್ಲೇ ನಿಂತು ಕಾಯುತ್ತಾಳೆ. ಅನ್ನ ಬೇಡ, ನೀರು ಬೇಡ ಎಂದು ಆರ್ಹಾಳ ಬಾಯಿಂದ ಬರುತ್ತದೆ. ಆಮೇಲೆ ಅವಳಿಗೆ ಜ್ವರ, ರಾತ್ರಿಯೆಲ್ಲ ಕೆಟ್ಟ ಕನಸು. ಇಲ್ಲಿ ಗಮನಿಸಿ, ನಾಯಕಿಯ ಕೈ ಶುದ್ಧವಾಗಿಡುವ ಯಾವ ಪ್ರಯತ್ನವನ್ನೂ ಲೇಖಕಿ ಮಾಡುವುದಿಲ್ಲ. ಆ ಮೂವರು ಸಾಯುತ್ತಾರೆ. ಕೊಂದವಳು ಅವಳೇ.

ನೆಲದಡಿ ಇಳಿಯೋಣ. ಸಮಾಧಿಯ ಕೆಳಗೆ ವಿಶಾಲವಾದ ಗುಹೆ, ಅಲ್ಲಿಂದಾಚೆ ಮೈಲುಗಟ್ಟಲೆ ಸುತ್ತಿ ಸುಳಿಯುವ ಚಕ್ರವ್ಯೂಹ. ಬೆಳಕು ಕೂಡದು, ಬರಹ ಈ ಜನರಲ್ಲಿಲ್ಲ. ಹಾಗಾದರೆ ದಾರಿ ಕಲಿಯುವುದು ಹೇಗೆ? ಬಾಯಿಪಾಠದಿಂದ! ಜೋಡಿದೇವರ ಅರ್ಚಕಿ ಥಾರ್, ಬಿಗಿ ಮುಖದ ಆದರೆ ನ್ಯಾಯದ ಹೆಂಗಸು, ಹಿಂದಿನ ಅರ್ಚಕಿಯಿಂದ ಕೇಳಿ ಉಳಿಸಿಕೊಂಡಿದ್ದ ದಾರಿಯನ್ನು ಹುಡುಗಿಗೆ ಮಾತಿನಲ್ಲಿ ಒಪ್ಪಿಸುತ್ತಾಳೆ. ಎಡಕ್ಕೆ ಇಷ್ಟು ಬಾಗಿಲು ಬಿಡು, ಬಲಕ್ಕೆ ತಿರುಗು, ಹೀಗೆ. ಥಾರ್ ತಾನು ಆ ದಾರಿಯಲ್ಲಿ ನಡೆದವಳೇ ಅಲ್ಲ. ಆರ್ಹಾ ಗೋಡೆಗೆ ಬೆರಳು ತಾಗಿಸಿಕೊಂಡು, ಸಂದು ಬಂದಾಗಲೆಲ್ಲ ಎಣಿಸಿಕೊಂಡು, ಒಂದೊಂದೇ ದಾರಿಯನ್ನು ಮೈಗೂಡಿಸಿಕೊಳ್ಳುತ್ತಾಳೆ. ತಪ್ಪಿದರೆ ಹಸಿವಿನಿಂದ ಸಾವು. ತನ್ನ ರಾಜ್ಯದಲ್ಲಿ ಓಡಾಡುವ ಈ ರಾಣಿ ಅದನ್ನು ಒಮ್ಮೆಯೂ ಕಣ್ಣಾರೆ ಕಂಡಿಲ್ಲ!

ಒಂದು ದಿನ ಕಾಣುತ್ತಾಳೆ. ಗುಹೆಗೆ ಇಳಿದರೆ ಎಂದೂ ಇಲ್ಲದ ಮಸುಕು ಬೂದುಬಣ್ಣ. ಕಣ್ಣಿನ ಭ್ರಮೆ ಎಂದುಕೊಂಡು ಮುಂದೆ ಹೋದರೆ, ಬೆಳಕು. ಒಬ್ಬ ಗಂಡಸು, ಕಪ್ಪು ಮುಖದವನು, ಕೋಲಿನ ತುದಿಯಲ್ಲಿ ಮಂತ್ರದ ಬೆಳಕು ಹಿಡಿದು ನಿಂತಿದ್ದಾನೆ. ಅವಳಿಗೆ ಎರಡು ಆಘಾತ ಒಟ್ಟಿಗೆ. ಒಂದು ಈ ಘೋರ ಅಪಚಾರ. ಇನ್ನೊಂದು ಗುಹೆಯೇ! ಬೆರಳಿಗೆ ಬರೀ ತಣ್ಣನೆಯ ಒರಟು ಕಲ್ಲಾಗಿದ್ದದ್ದು ಕಣ್ಣಿಗೆ ಸ್ಫಟಿಕ. ಮಾಡಿನ ತುಂಬ, ಗೋಡೆಯ ತುಂಬ, ನೀರು ಯುಗಯುಗ ಕೊರೆದು ಕಟ್ಟಿದ ಬಿಳಿಸುಣ್ಣದ ಕುಸುರಿ, ವಜ್ರದ ಹಾಗೆ, ನೇರಳೆ ಹರಳಿನ ಹಾಗೆ ಝಗಝಗಿಸುವ ಲಕ್ಷ ಮೊನೆಗಳು. ಕತ್ತಲೆಯ ದೇವರ ಗರ್ಭಗುಡಿ ಇಡೀ ಲೋಕದಲ್ಲೇ ಇಷ್ಟು ಚಂದದ ಜಾಗ, ಅದನ್ನು ಯಾರೂ ನೋಡಬಾರದೆಂಬ ನಿಯಮ! ಈ ಪುಟದಲ್ಲಿ ನಾನು ನಿಜಕ್ಕೂ ಪುಸ್ತಕ ಮುಚ್ಚಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ.

ಆತ ಗೆಡ್, ಮೊದಲ ಪುಸ್ತಕದಲ್ಲಿ ಮಂಜು ಕವಿಸಿದ ಅದೇ ಹುಡುಗ, ಈಗ ಬೆಳೆದ ಮಾಂತ್ರಿಕ. ಹಿಂದಿನ ಕಾಲದ ಮಹಾವೀರ ಎರೆತ್-ಅಕ್ಬೆಯ ಒಡೆದ ಬಳೆಯ ಅರ್ಧಭಾಗ ಇಲ್ಲಿನ ಭಂಡಾರದಲ್ಲಿದೆ ಎಂದು ಕದಿಯಲು ಬಂದವನು. ಆರ್ಹಾ ಅವನನ್ನು ಚಕ್ರವ್ಯೂಹದೊಳಗೆ ಕೂಡಿಹಾಕುತ್ತಾಳೆ, ಮೇಲಿನ ಕಿಂಡಿಗಳಿಂದ ಇಣುಕುತ್ತಾಳೆ, ಕೊಲ್ಲಬೇಕಾದವಳು ಗುಟ್ಟಾಗಿ ನೀರು ಕೊಡುತ್ತಾಳೆ. ಜೀವಂತ ಹೂಳಿಸಿದೆ ಎಂದು ಕೊಸಿಲ್‌ಗೆ ಸುಳ್ಳು ಹೇಳುತ್ತಾಳೆ. ಆಮೇಲೆ ನಡೆಯುವುದೇ ನನ್ನ ಪಾಲಿಗೆ ಪುಸ್ತಕದ ತಿರುಳು. ಗುಹೆಗೆ ಇಳಿದ ಆರ್ಹಾಳಿಗೆ ಮತ್ತೆ ಬೆಳಕು ಕಾಣುತ್ತದೆ. ಈ ಸಲ ಮಂತ್ರದ್ದಲ್ಲ, ಲಾಂದ್ರದ್ದು. ಕೊಸಿಲ್ ಆ ಪವಿತ್ರ ಕತ್ತಲೆಯಲ್ಲಿ ದೀಪವಿಟ್ಟುಕೊಂಡು, ಗೋರಿ ಅಗೆಯುತ್ತಿದ್ದಾಳೆ! ಹೆಣ ನಿಜವಾಗಿ ಇದೆಯೋ ಇಲ್ಲವೋ ನೋಡಲು. ಆಕಾಶ ಬೀಳಬೇಕಿತ್ತು, ಭೂಮಿ ಬಾಯಿಬಿಡಬೇಕಿತ್ತು. ಏನೂ ಆಗುವುದಿಲ್ಲ. ಆ ದಪ್ಪ ಹೆಂಗಸು ಏದುಸಿರು ಬಿಡುತ್ತ ಮಣ್ಣು ಎತ್ತುತ್ತಿದ್ದಾಳೆ, ಅಷ್ಟೆ.

ಪಂಥದ ಕಾವಲುಗಾತಿಗೇ ಪಂಥದಲ್ಲಿ ನಂಬಿಕೆಯಿಲ್ಲ. ಅವಳಿಗೆ ಗೊತ್ತಿರುವುದು ಅಧಿಕಾರವೊಂದೇ. ಇತ್ತ ಪೆಂಥೆಗೂ ದೇವರಾಜ ದೇವರೆಂಬ ನಂಬಿಕೆಯಿಲ್ಲ. ಅವನೂ ನಮ್ಮ ಹಾಗೆ ಮನುಷ್ಯನಲ್ಲವೇ ಎಂದು ಸೇಬು ಕಡಿಯುವಷ್ಟೇ ಹಗುರವಾಗಿ ಕೇಳಿಬಿಟ್ಟವಳು ಅವಳು. ದೊರೆಗೋ ಇದು ಕೈದಿಗಳನ್ನು ಇಲ್ಲವಾಗಿಸುವ ಸೌಕರ್ಯ. ಹಾಗಾದರೆ ಈ ಕತ್ತಲೆಯ ದೇವತೆಗಳನ್ನು ನಿಜವಾಗಿ ನಂಬುವವರು ಯಾರು? ಆರ್ಹಾ. ಮತ್ತು, ಇದನ್ನು ನಾನು ಎರಡನೆಯ ಓದಿನಲ್ಲಿ ಕಂಡು ದಂಗಾದೆ, ಆ ಕಳ್ಳ! ಗೆಡ್ ಒಬ್ಬನೇ ಅವಳಿಗೆ ಹೇಳುತ್ತಾನೆ: ಅವರು ಇದ್ದಾರೆ, ಈಗಲೂ ನನ್ನ ಶಕ್ತಿಯೆಲ್ಲ ಅವರನ್ನು ತಡೆದು ನಿಲ್ಲಿಸುವುದಕ್ಕೇ ಖರ್ಚಾಗುತ್ತಿದೆ, ಆದರೆ ಅವರು ದೇವರುಗಳಲ್ಲ, ಪೂಜೆಗೆ ಯೋಗ್ಯರಲ್ಲ. ಅವಳ ಜೀವನ ಸುಳ್ಳಿನ ಮೇಲೆ ನಿಂತಿತ್ತು ಎಂದು ಹೇಳಿ ಅವಳನ್ನು ಬಿಡಿಸುವುದಿಲ್ಲ ಆತ. ನೀನು ಕಂಡದ್ದು ನಿಜ, ಕೈಮುಗಿದದ್ದು ತಪ್ಪು ಎನ್ನುತ್ತಾನೆ. ಮೂಢನಂಬಿಕೆ ಬಯಲಾಯಿತು ಎಂಬ ಸುಲಭದ ಕಥೆ ಬರೆಯುವ ಅವಕಾಶ ಲೆ ಗ್ವಿನ್ ಅವರಿಗಿತ್ತು. ಅದನ್ನು ಅವರು ಮುಟ್ಟಲೇ ಇಲ್ಲ.

2004ರಲ್ಲಿ ಅಮೆರಿಕದ ಸೈ-ಫೈ ಚಾನೆಲ್ ಈ ಕಥೆಯನ್ನು ಕಿರುಸರಣಿ ಮಾಡಿದಾಗ ಇದೇ ಸೂಕ್ಷ್ಮ ಮಣ್ಣುಪಾಲಾಯಿತು. ಅರ್ಚಕಿಯರು ದುಷ್ಟಶಕ್ತಿಯನ್ನು ಕಾವಲು ಕಾಯುವ ಒಳ್ಳೆಯ ಹೆಂಗಸರಾಗಿಬಿಟ್ಟರು, ಗೆಡ್ ಬಿಳಿಯನಾಗಿಬಿಟ್ಟ. ಲೇಖಕಿ ಸಿಟ್ಟಾಗಿ ಪತ್ರಿಕೆಯಲ್ಲಿ ಬರೆದರು. ಸಿಟ್ಟು ಬರಬೇಕಾದದ್ದೇ.

ಎಲ್ಲಿಂದ ಬಂತು ಈ ಮರುಭೂಮಿ? ಒರೆಗಾನ್ ರಾಜ್ಯದ ಆಗ್ನೇಯ ಮೂಲೆಗೆ, ಸ್ಟೀನ್ಸ್ ಬೆಟ್ಟದ ಸೀಮೆಗೆ ಕುಟುಂಬದೊಡನೆ ಹೋಗಿ ಬಂದ ಪ್ರಯಾಣದಿಂದ ಎಂದು ಅವರೇ ಹೇಳಿದ್ದಾರೆ. ಒಣಪೊದೆ, ಕಲ್ಲು, ಗಾಳಿ, ಕಣ್ಣು ಹರಿಯುವಷ್ಟು ದೂರ ಮನುಷ್ಯರಿಲ್ಲದ ನೆಲ. ಮನುಷ್ಯಸಮಾಜಗಳನ್ನು ನೋಡುವ ಕಣ್ಣು ಮಾತ್ರ ಹುಟ್ಟಿನಿಂದ ಬಂದದ್ದು: ತಂದೆ ಆಲ್‌ಫ್ರೆಡ್ ಕ್ರೋಬರ್ ಕ್ಯಾಲಿಫೋರ್ನಿಯಾದ ಮೂಲನಿವಾಸಿಗಳ ಬಗ್ಗೆ ಬದುಕಿಡೀ ಬರೆದ ಮಾನವಶಾಸ್ತ್ರಜ್ಞ. ತಾಯಿ ಥಿಯೋಡೊರಾ 1961ರಲ್ಲಿ ಬರೆದದ್ದು ಇಶಿ ಎಂಬ ಮನುಷ್ಯನ ಕಥೆ. ಯಾಹಿ ಜನರಲ್ಲಿ ಕೊನೆಯವನಾಗಿ ಉಳಿದ ಆತ 1911ರಲ್ಲಿ ಕಾಡಿನಿಂದ ಹೊರಬಂದ, 1916ರಲ್ಲಿ ತೀರಿಕೊಂಡ. ತನ್ನ ನಿಜವಾದ ಹೆಸರನ್ನು ಕೊನೆಯವರೆಗೂ ಯಾರಿಗೂ ಹೇಳಲಿಲ್ಲ. ಇಶಿ ಎನ್ನುವುದು ಇತರರು ಇಟ್ಟದ್ದು. ಆ ಮನೆಯ ಮಗಳು ಮುಂದೆ ಕಟ್ಟಿದ ಲೋಕದಲ್ಲಿ ನಿಜನಾಮ ಎಂಬುದು ಪ್ರಾಣದಷ್ಟು ಗುಟ್ಟು. ಗೆಡ್ ಆರ್ಹಾಳನ್ನು ಬಿಡಿಸುವುದು ಕತ್ತಿಯಿಂದಲ್ಲ, ಟೆನಾರ್ ಎಂದು ಕರೆದು. ಒಂದರಿಂದ ಇನ್ನೊಂದು ಹುಟ್ಟಿತು ಎಂದು ಗಂಟುಹಾಕಲಾರೆ. ಆದರೂ ರೋಮಾಂಚನವಾಗುತ್ತದೆಯೋ ಇಲ್ಲವೋ ಹೇಳಿ!

ಈ ಪಂಥ ಇಷ್ಟು ನಿಜವೆನಿಸುವುದಕ್ಕೆ ಕಾರಣ, ಅದರ ಒಂದೊಂದು ಎಲುಬೂ ಎಲ್ಲೋ ಇರುವಂಥದ್ದೇ. ರೋಮ್‌ನ ವೆಸ್ಟಾ ದೇವಿಯ ಕನ್ಯೆಯರನ್ನು ಆರರಿಂದ ಹತ್ತು ವರ್ಷದೊಳಗೆ ಆರಿಸುತ್ತಿದ್ದರು, ಮೂವತ್ತು ವರ್ಷ ಸೇವೆ, ವ್ರತಭಂಗವಾದರೆ ನೆಲದಡಿಯ ಕೋಣೆಯಲ್ಲಿ ಜೀವಂತ ಸಮಾಧಿ. ಅವರು ಕಾಯುತ್ತಿದ್ದದ್ದು ಆರದ ಬೆಂಕಿ, ಇಲ್ಲಿ ಕಾಯುವುದು ಕದಡದ ಕತ್ತಲೆ. ಕಠ್ಮಂಡುವಿನ ಕುಮಾರಿಯನ್ನು ಶಾಕ್ಯ ಮನೆತನಗಳಿಂದ ಎಳೆಯ ವಯಸ್ಸಿನಲ್ಲೇ, ಮೈಯಲ್ಲಿ ಕಲೆಯಿಲ್ಲದವಳನ್ನು ನೋಡಿ ಆರಿಸುತ್ತಾರೆ. ಋತುಮತಿಯಾದ ದಿನ ದೇವಿ ಹೊರಟುಹೋದಳೆಂದು ಹುಡುಗಿಯನ್ನು ಮನೆಗೆ ಕಳಿಸುತ್ತಾರೆ. ಆರ್ಹಾಳಿಗೆ ಆ ಬಿಡುಗಡೆಯೂ ಇಲ್ಲ, ಪ್ರಾಯಕ್ಕೆ ಬಂದ ಮೇಲೆಯೇ ಅವಳಿಗೆ ಪೂರ್ಣಾಧಿಕಾರ. ಇನ್ನು ಪುನರ್ಜನ್ಮದ ಮಗುವನ್ನು ಹುಡುಕಿ ತರುವ ಪದ್ಧತಿಗೆ ಟಿಬೆಟ್‌ವರೆಗೂ ಹೋಗಬೇಕಿಲ್ಲ, ಪಿರಿಯಾಪಟ್ಟಣದ ಹತ್ತಿರದ ಬೈಲಕುಪ್ಪೆ ಸಾಕು. ಅಲ್ಲಿ 1963ರಲ್ಲಿ ನಾಮ್‌ಡ್ರೋಲಿಂಗ್ ಮಠ ಕಟ್ಟಿದ ಪೆನೋರ್ ರಿನ್‌ಪೋಚೆ 2009ರಲ್ಲಿ ತೀರಿಕೊಂಡ ಬಳಿಕ, ಅವರೇ ಮರಳಿ ಬಂದರೆಂದು ಬಾಲಕನೊಬ್ಬನನ್ನು ಗುರುತಿಸಿ ಪೀಠಕ್ಕೆ ತಂದರು. ಚಿನ್ನದ ಗುಡಿ ನೋಡಿ ಮೊಮೊ ತಿಂದು ಬರುವ ನಮ್ಮಲ್ಲಿ ಎಷ್ಟು ಮಂದಿಗೆ ಇದು ಗೊತ್ತು? ಹಾಗೆಂದು ಬೈಲಕುಪ್ಪೆಯ ಓದುಬರಹ, ಚರ್ಚೆ, ಗದ್ದಲ ತುಂಬಿದ ಮಠಕ್ಕೂ ಅಟುವಾನ್‌ನ ಕುರುಡುಗುಹೆಗೂ ಹೋಲಿಕೆ ಅಲ್ಲಿಗೇ ನಿಲ್ಲುತ್ತದೆ.

ಕಥೆಗೆ ಮರಳಿದರೆ, ಕೊನೆಗೆ ಬಳೆಯ ಎರಡು ಭಾಗ ಕೂಡುತ್ತವೆ, ಮನಾನ್ ಗುಂಡಿಗೆ ಬಿದ್ದು ಸಾಯುತ್ತಾನೆ, ಟೆನಾರ್ ಗೆಡ್‌ನ ಜೊತೆ ಹೊರಬರುತ್ತಾಳೆ, ಭೂಮಿ ನಡುಗಿ ಮಂಟಪ ಕುಸಿಯುತ್ತದೆ, ಕಲ್ಲುಗಳನ್ನು ನೆಲ ನುಂಗುತ್ತದೆ. ಕಥೆ ಮುಗಿಯಿತು ಎಂದುಕೊಂಡಿದ್ದೆ.

ಮುಗಿದಿರಲಿಲ್ಲ! 1990ರ ‘ತೆಹಾನು’ದಲ್ಲಿ ಟೆನಾರ್ ನಡುವಯಸ್ಸಿನ ರೈತಾಪಿ ವಿಧವೆಯಾಗಿ ಮರಳುತ್ತಾಳೆ. 2001ರ ‘ದಿ ಅದರ್ ವಿಂಡ್’ನಲ್ಲಂತೂ ಇಡೀ ಲೋಕವೇ ತಲೆಕೆಳಗಾಗುತ್ತದೆ. ಮೊದಲಿನಿಂದಲೂ ಕರ್ಗ್ ಜನ ಹೇಳುತ್ತ ಬಂದದ್ದು ಇಷ್ಟು: ನಾವು ಸತ್ತರೆ ಮತ್ತೆ ಹುಟ್ಟುತ್ತೇವೆ, ಮಾಂತ್ರಿಕರು ಹುಟ್ಟುವುದಿಲ್ಲ. ಓದುಗರಾದ ನಾವು ಅದನ್ನು ಕಾಡುಜನರ ಕುರುಡುನಂಬಿಕೆ ಎಂದು ದಾಟಿಹೋಗಿದ್ದೆವು. ವಿದ್ಯಾವಂತ ದ್ವೀಪಗಳ ಮಾಂತ್ರಿಕರು ಸತ್ತವರ ಬಗ್ಗೆ ಹೇಳಿದ್ದೇ ನಿಜವೆಂದು ಒಪ್ಪಿದ್ದೆವು. ಸತ್ತವರು ನೆನಪಿಲ್ಲದೆ ಅಲೆಯುವ, ಸೂರ್ಯನಿಲ್ಲದ ಒಣನಾಡು, ಸುತ್ತ ಒಂದು ಕಲ್ಲಿನ ಗೋಡೆ. ಮೂರು ದಶಕಗಳ ಬಳಿಕ ಲೆ ಗ್ವಿನ್ ಬಯಲುಮಾಡುವುದೇನೆಂದರೆ, ಆ ಗೋಡೆಯನ್ನು ಕಟ್ಟಿದವರೇ ಮಾಂತ್ರಿಕರು! ಸಾವನ್ನು ಗೆಲ್ಲುವ ಆಸೆಯಿಂದ, ಡ್ರ್ಯಾಗನ್‌ಗಳಿಗೆ ಸೇರಿದ ನೆಲವನ್ನು ಕದ್ದು ಕಟ್ಟಿದ್ದು. ಆ ಕಳ್ಳತನಕ್ಕೆ ಕೈಜೋಡಿಸದೆ, ಮಂತ್ರವಿದ್ಯೆಯನ್ನೇ ಬಿಟ್ಟುಕೊಟ್ಟು ಉಳಿದವರು ಕರ್ಗರು. ಅವರ ಪುನರ್ಜನ್ಮ ನಿಜವಾಗಿತ್ತು. ಕತ್ತಲೆಯನ್ನು ದೇವರು ಮಾಡಿಕೊಂಡ ಜನ ಸಾವಿನ ವಿಷಯದಲ್ಲಿ ಮಾತ್ರ ಎಲ್ಲರಿಗಿಂತ ಸರಿಯಾಗಿದ್ದರು!

ಪುಸ್ತಕಗಳನ್ನು ಬರೆದ ಕ್ರಮದಲ್ಲೇ ಓದಿ. ಪುರುಸೊತ್ತಿಲ್ಲದವರು ಒಂದನ್ನೇ ಓದುವುದಾದರೆ ‘ಟೂಂಬ್ಸ್’ ಎತ್ತಿಕೊಳ್ಳಿ. ಮೊದಲನೆಯದನ್ನು ಓದದಿದ್ದರೂ ದಾರಿ ತಪ್ಪುವುದಿಲ್ಲ. ಕೊಸಿಲ್ ಗೋರಿ ಅಗೆಯುವ ಪುಟ ಬಂದಾಗ ಮಾತ್ರ ಸ್ವಲ್ಪ ನಿಧಾನಿಸಿ, ಕೈಯಲ್ಲಿ ಲಾಂದ್ರವಿರುವವರು ಯಾರು, ಹೆದರುತ್ತಿರುವವರು ಯಾರು ಎಂದು ನೋಡಿಕೊಂಡು ಮುಂದೆ ಹೋಗಿ.